ಆಸಾಫನ ಜಟೆ

ಆಸಾಫ್ ಹೋದದ್ದು ಬೆಳಗಿನ ಓದಿನ ನಡುವೆ. ಕೊನೆಯ ಕೆಲವು ವಾರ ಪುಸ್ತಕ ಎತ್ತಿ ಹಿಡಿಯುವ ತ್ರಾಣ ಅವನಿಗೆ ಉಳಿದಿರಲಿಲ್ಲ. ಪ್ರಫುಲ್ಲಾಳೇ ಮಂಚದ ಪಕ್ಕ ಕುಳಿತು ಬೈಬಲ್ಲಿನ ದಾವೀದನ ಕೀರ್ತನೆಗಳನ್ನು ಓದುವಳು, ಅವನು ಕಣ್ಣು ಮುಚ್ಚಿ ತುಟಿ ಅಲ್ಲಾಡಿಸುತ್ತ ಹಿಂದೆ ಹಿಂದೆ ಬರುವನು. ಆ ದಿನ ಅರ್ಧ ಕೀರ್ತನೆಗೆ ತುಟಿ ನಿಂತಿತು. ನರ್ಸಾಗಿ ಅರ್ಧ ಆಯುಸ್ಸು ಕಳೆದವಳಿಗೆ ನಾಡಿ ಹಿಡಿದು ನೋಡುವ ಅಗತ್ಯವಿರಲಿಲ್ಲ. ಆದರೆ ಪಾರಾಯಣದ ನಡುವೆ ಏಳಬಾರದು ಎಂದು ಉಡುಪಿಯ ಮನೆಯಲ್ಲಿ ಅಪ್ಪ ಕಲಿಸಿದ್ದು ಅವಳ ಕಾಲನ್ನು ಕಟ್ಟಿಹಾಕಿತು. ಉಳಿದರ್ಧವನ್ನೂ ಓದಿ ಮುಗಿಸಿ, ಪುಸ್ತಕವನ್ನು ಕಣ್ಣಿಗೊತ್ತಿಕೊಂಡು, ಆಮೇಲೆ ಗಂಡನ ಕಣ್ಣು ಮುಚ್ಚಿದಳು.

ಮುಚ್ಚಿದ ಕೈ ತಾನಾಗಿ ಅವನ ತಲೆಯ ಕಡೆ ಸರಿಯಿತು. ದಿಂಬಿನ ಎರಡೂ ಪಕ್ಕಕ್ಕೆ ಹರಡಿ, ಕೆಲವು ಮಂಚದಿಂದ ಕೆಳಗೆ ಇಳಿಬಿದ್ದಿದ್ದ ಜಟೆಗಳು. ತುದಿಯಲ್ಲಿ ಕೆಂಚು, ಬುಡದಲ್ಲಿ ಬಿಳಿ, ನಡುವೆ ತೆಂಗಿನ ನಾರಿನ ಹಗ್ಗದಷ್ಟು ಗಟ್ಟಿ. ಮೈಯೆಲ್ಲ ಸೊರಗಿ ಎಲುಬಿನ ಗೂಡಾಗಿದ್ದರೂ ಅವು ಮಾತ್ರ ಒಂದೂ ಉದುರಿರಲಿಲ್ಲ. ಉದುರಬಾರದೆಂದೇ ಅಲ್ಲವೆ ಅವನು ಹೋದದ್ದು.

ಕುತ್ತಿಗೆಯಲ್ಲಿ ಗಂಟು ಕಾಣಿಸಿಕೊಂಡಾಗ ಡಾಕ್ಟರು ಧೈರ್ಯವನ್ನೇ ಹೇಳಿದ್ದರು. ಔಷಧಿ ಇದೆ, ಬೇಗ ಶುರುಮಾಡಿದರೆ ಗುಣವಾಗುವವರೇ ಹೆಚ್ಚು ಎಂದಿದ್ದರು. ಆಸಾಫ್ ಎಲ್ಲ ಕೇಳಿಸಿಕೊಂಡು ಒಂದೇ ಪ್ರಶ್ನೆ ಕೇಳಿದ. ತಲೆಗೂದಲು? ಉದುರುತ್ತದೆ, ಮತ್ತೆ ಬೆಳೆಯುತ್ತದೆ, ಅದೇನು ದೊಡ್ಡ ವಿಷಯವಲ್ಲ ಎಂದರು ಡಾಕ್ಟರು. ಅವನು ಮೊಣಕಾಲ ಮೇಲಿದ್ದ ಉಣ್ಣೆಯ ಟೊಪ್ಪಿಯನ್ನು ತಲೆಗೇರಿಸಿ, ಜಟೆಯನ್ನೆಲ್ಲ ಅದರೊಳಗೆ ತುಂಬಿ, ನಮಸ್ಕಾರ ಹೇಳಿ ಹೊರಟೇಬಿಟ್ಟ. ಪ್ರಫುಲ್ಲಾ ಕಾರಿನಲ್ಲಿ ಅತ್ತಳು, ಮನೆಗೆ ಬಂದು ಬೈದಳು, ತಿಂಗಳುಗಟ್ಟಲೆ ಕಾಡಿದಳು. ದಿನಾ ಬೇರೆಯವರ ಗಂಡಂದಿರಿಗೆ ಅದೇ ಔಷಧಿಯ ಬಾಟಲಿ ತೂಗುಹಾಕಿ ಬರುತ್ತಿದ್ದವಳು ಅವಳು. ಗುಣವಾಗಿ ಮನೆಗೆ ಹೋಗುತ್ತಿದ್ದ ಬೋಳುತಲೆಯವರನ್ನು ಕಂಡರೆ ಅವಳಿಗೆ ಹೊಟ್ಟೆ ಉರಿಯುತ್ತಿತ್ತು.

ಅವನದು ವ್ರತ. ಮೋಶೆಯ ನಾಲ್ಕನೆಯ ಪುಸ್ತಕದಲ್ಲಿ ಅದರ ಪುಟವಿದೆ. ತನ್ನನ್ನು ದೇವರಿಗೆ ಮೀಸಲಿಟ್ಟವನು ದ್ರಾಕ್ಷಿಯ ಮದ್ಯ ಮುಟ್ಟಬಾರದು, ತಲೆಗೆ ಕ್ಷೌರದ ಕತ್ತಿ ತಾಗಿಸಬಾರದು, ಹೆಣದ ಹತ್ತಿರ ಹೋಗಬಾರದು, ಹೆತ್ತವರದ್ದಾದರೂ ಸರಿ. ಜಮೈಕಾದಲ್ಲಿ ಮೀಸೆ ಚಿಗುರುವ ವಯಸ್ಸಿನಲ್ಲೇ ಹಿಡಿದ ವ್ರತ. ಒಮ್ಮೆ ಪೊಲೀಸರು ಹಿಡಿದುಕೊಂಡು ಹೋಗಿ, ಠಾಣೆಯ ಅಂಗಳದಲ್ಲಿ ಮಂಡಿಯೂರಿಸಿ, ಕುರಿಯ ಉಣ್ಣೆ ಕತ್ತರಿಸಿದ ಹಾಗೆ ಅವನ ತಲೆ ಬೋಳಿಸಿ ಕಳಿಸಿದ್ದರಂತೆ. ಆಮೇಲೆ ಬೆಳೆದದ್ದು ಈ ಜಟೆ. ಅವನ ಬಾಯಲ್ಲಿ ಅದು ಕೂದಲಲ್ಲ, ಕಿರೀಟ.

ಸಾವು ಎಂಬ ಮಾತನ್ನು ಆಸಾಫ್ ಆಡುತ್ತಿರಲಿಲ್ಲ. ಅವನ ಪಂಥದವರಲ್ಲಿ ಆ ಮಾತಿಗೆ ಬೆಲೆಯಿಲ್ಲ, ದೇವರನ್ನು ಹಿಡಿದವನು ಸಾಯುವುದಿಲ್ಲ. ಹಾಗಾಗಿ ಹೂಳಬೇಕೋ ಸುಡಬೇಕೋ ಎಂದು ಕೇಳಲೂ ಅವಳಿಗೆ ದಾರಿಯಿರಲಿಲ್ಲ. ಹಾಸಿಗೆ ಹಿಡಿದ ಮೇಲೆ ಒಂದು ಸಂಜೆ ಮಾತ್ರ ಅವಳ ಕೈಯನ್ನು ಪುಸ್ತಕದ ಮೇಲೆ ಇಡಿಸಿಕೊಂಡು ಹೇಳಿದ್ದ.

"ನಾನು ಮಲಗಿರುವಾಗ ಯಾರೂ ಕತ್ತರಿ ಹಿಡಿದು ಬರಬಾರದು, ಸಿಸ್ಟರ್. ಅಷ್ಟು ನೋಡಿಕೋ."

ಪಂಥದ ರೂಢಿಯಂತೆ ಹೆಂಡತಿಯೂ ಅವನಿಗೆ ಸಿಸ್ಟರೇ. ನೋಡಿಕೊಳ್ಳುತ್ತೇನೆ ಎಂದಿದ್ದಳು. ತನ್ನ ಜೀವ ಉಳಿಸಲು ಬಿಡದವನಿಗೆ ಅಷ್ಟಾದರೂ ಮಾಡಿಯೇನು ಎಂದುಕೊಂಡಿದ್ದಳು.

ಅವನನ್ನು ಅವಳು ಮೊದಲು ಕಂಡದ್ದಲ್ಲ, ಕೇಳಿದ್ದು. ಬರ್ಕ್ಲಿಯ ರೈಲು ನಿಲ್ದಾಣದ ಪಾರ್ಕಿಂಗಿನಲ್ಲಿ ವಾರದ ಕೊನೆಗೆ ಸಂತೆ ಸೇರುತ್ತದೆ. ಹಸಿಮೆಣಸು ಕೊಳ್ಳಲು ಹೋದವಳಿಗೆ ಡೋಲುಗಳ ಅಂಗಡಿಯ ಹಿಂದಿನಿಂದ ಯಾರೋ ಸಾಲು ಸಾಲಾಗಿ ಪದ್ಯ ಓದುತ್ತಿರುವುದು ಕೇಳಿಸಿತು. ಇಂಗ್ಲಿಷೇ ಇರಬೇಕು, ಆದರೆ ಉಚ್ಚಾರಣೆ ಹಿಡಿತಕ್ಕೆ ಸಿಗಲಿಲ್ಲ. ಹಿಡಿತಕ್ಕೆ ಸಿಕ್ಕದ್ದು ಸಾಲಿನ ಕೊನೆ. ಆಟಿ ತಿಂಗಳ ಮಳೆಯಲ್ಲಿ ಚಾವಡಿಯಲ್ಲಿ ದೀಪವಿಟ್ಟು ಪುರಾಣ ಓದುತ್ತಿದ್ದ ಅಪ್ಪ ಸಾಲಿನ ಕೊನೆಯ ಅಕ್ಷರವನ್ನು ಹೇಗೆ ಎಳೆದು, ಸ್ವಲ್ಪ ತೂಗಿ, ನಿಧಾನಕ್ಕೆ ಇಳಿಸುತ್ತಿದ್ದರೋ ಹಾಗೆಯೇ ಇವನೂ ಇಳಿಸುತ್ತಿದ್ದ. ಮೆಣಸಿನ ಚೀಲ ಹಿಡಿದು ಅವಳು ಅಲ್ಲೇ ನಿಂತುಬಿಟ್ಟಳು. ಓದು ಮುಗಿಸಿ ತಲೆಯೆತ್ತಿದವನು, ಡೋಲು ಬೇಕೇ ಎಂದು ಕೇಳಲಿಲ್ಲ. ಇನ್ನೊಂದು ಅಧ್ಯಾಯ ಓದಲೇ ಎಂದು ಕೇಳಿದ.

ದಿನಕ್ಕೊಂದು ಅಧ್ಯಾಯ ಅವನ ನೇಮ. ಒಂದನ್ನೂ ಹಾರಿಸುವಂತಿಲ್ಲ. ಇಂಥವನು ಇಂಥವನನ್ನು ಪಡೆದನು ಎಂದು ಪುಟಗಟ್ಟಲೆ ಬರುವ ಬರೀ ಹೆಸರುಗಳನ್ನೂ ಹಾರಿಸುವಂತಿಲ್ಲ. ಇದನ್ನೇಕೆ ಓದುತ್ತೀ, ಕಥೆಯೇ ಇಲ್ಲವಲ್ಲ ಎಂದು ಅವಳು ರೇಗಿಸಿದಾಗ, ಹಡಗಿನಲ್ಲಿ ತಂದು ಮಾರಿದ ತನ್ನ ಹಿರಿಯರ ಹೆಸರನ್ನು ಯಾರೂ ಬರೆದಿಡಲಿಲ್ಲ, ಬರೆದಿಟ್ಟ ಹೆಸರನ್ನು ಹಾರಿಸಿದರೆ ಆ ಮನುಷ್ಯನನ್ನು ಎರಡನೆಯ ಸಲ ಮಾರಿದ ಹಾಗೆ ಎಂದಿದ್ದ. ಬೈಬಲ್ಲಿನ ಜೊತೆಗೆ ಇನ್ನೊಂದು ಇಥಿಯೋಪಿಯದ ಹಳೆಯ ಕಥೆ ಅವನಿಗೆ ಬಾಯಿಪಾಠ. ಶೀಬಾದ ರಾಣಿ ಸೊಲೊಮೋನನನ್ನು ಕಾಣಲು ಹೋದದ್ದು, ಅವರಿಗೆ ಹುಟ್ಟಿದ ಮಗ ದೊಡ್ಡವನಾಗಿ ದೇವರ ಆಜ್ಞೆಗಳನ್ನಿಟ್ಟ ಪೆಟ್ಟಿಗೆಯನ್ನೇ ಆಫ್ರಿಕಕ್ಕೆ ಹೊತ್ತು ತಂದದ್ದು, ಆ ವಂಶದಲ್ಲೇ ಕೊನೆಗೆ ಇಥಿಯೋಪಿಯದ ಚಕ್ರವರ್ತಿಯಾಗಿ ದೇವರು ಕಾಣಿಸಿಕೊಂಡದ್ದು. ಆ ಚಕ್ರವರ್ತಿ ತೀರಿಹೋಗಿ ಎಷ್ಟೋ ವರ್ಷವಾಯಿತಲ್ಲ ಎಂದರೆ ಆಸಾಫ್ ನಕ್ಕು, ಅದು ಬ್ಯಾಬಿಲೋನಿನ ಪತ್ರಿಕೆಗಳು ಹೇಳಿದ್ದು ಎನ್ನುತ್ತಿದ್ದ. ಪೊಲೀಸು, ಬ್ಯಾಂಕು, ಫ್ರೀವೇ, ಅವಳ ಆಸ್ಪತ್ರೆ, ಎಲ್ಲವೂ ಅವನಿಗೆ ಬ್ಯಾಬಿಲೋನು, ಬೈಬಲ್ಲಿನಲ್ಲಿ ದೇವರ ಜನರನ್ನು ಸೆರೆಯಿಟ್ಟ ರಾಜ್ಯ. ಬ್ಯಾಬಿಲೋನಿನ ಸಂಬಳದಿಂದಲೇ ಮನೆ ಬಾಡಿಗೆ ಹೋಗುವುದು ಎಂದು ಅವಳು ಚುಚ್ಚಿದರೆ ಅವಳ ಕೈಗೆ ಮುತ್ತಿಟ್ಟು, ಸೆರೆಹೋದ ದಾನಿಯೇಲನೂ ಅಲ್ಲೇ ಕೆಲಸಕ್ಕಿದ್ದ ಎನ್ನುವನು. ಅರಸನಾಗಿ ಹುಟ್ಟಿಬಂದ ದೇವರ ಕಥೆ ಕೇಳಿಯೇ ಬೆಳೆದ ಪ್ರಫುಲ್ಲಾಳಿಗೆ ಇದರಲ್ಲಿ ನಗುವಂಥದ್ದೇನೂ ಕಾಣಲಿಲ್ಲ.

ನಕ್ಕವರು ಬೇರೆಯವರು. ಮದುವೆಯಾದ ಹೊಸತರಲ್ಲಿ ಸ್ಯಾನ್ ಮಟಿಯೋದಲ್ಲಿ ಕನ್ನಡದವರ ದೀಪಾವಳಿ ಊಟವಿತ್ತು. ಪ್ರಫುಲ್ಲಾ ಗಂಡನನ್ನು ಕರೆದುಕೊಂಡು ಹೋದಳು. ಬಿಳಿ ಅಂಗಿ ತೊಟ್ಟು, ಜಟೆಯನ್ನು ಬಿಟ್ಟುಕೊಂಡು ಅವನು ಬಾಗಿಲಲ್ಲಿ ನಿಂತಾಗ ಸಭಾಂಗಣದ ಮಾತೆಲ್ಲ ನಿಂತಿತು. ಮಗಳ ಬಾಣಂತನಕ್ಕೆಂದು ಧಾರವಾಡದಿಂದ ಬಂದಿದ್ದ ಅಂಬವ್ವ ಎಂಬ ಮುದುಕಿ ಒಬ್ಬಳೇ ಎದ್ದು ಬಂದು, ಸೆರಗು ಹೊದ್ದು, ಅವನ ಕಾಲು ಮುಟ್ಟಿ ನಮಸ್ಕರಿಸಿದಳು.

"ಯಾವ ಮಠದವರ್ರೀ ಅಪ್ಪಾರು?"

ಸಭೆಯೆಲ್ಲ ಬಿದ್ದು ಬಿದ್ದು ನಕ್ಕಿತು. ಆಸಾಫ್ ನಗಲಿಲ್ಲ, ಬಗ್ಗಿ ಅಂಬವ್ವನ ಕಾಲನ್ನೂ ಮುಟ್ಟಿದ. ಆ ನಗೆ ವರ್ಷಗಟ್ಟಲೆ ಮನೆಯಿಂದ ಮನೆಗೆ ಹೋಯಿತು. ಅದನ್ನು ತಡೆದುಕೊಳ್ಳಲಾಗದವನು ಪ್ರಫುಲ್ಲಾಳ ಅಣ್ಣ ಜಯರಾಜ್. ಪ್ಲೆಸೆಂಟನ್ನಿನಲ್ಲಿ ಹೊಸ ಮನೆ ಕಟ್ಟಿಸಿದ್ದ ಇಂಜಿನಿಯರು, ತಂಗಿಯನ್ನು ನರ್ಸಿಂಗ್ ಓದಿಸಿ ಈ ದೇಶಕ್ಕೆ ಕರೆಸಿಕೊಂಡವನೂ ಅವನೇ. ಮರುದಿನ ಫೋನು ಮಾಡಿ, ಆ ಜಟೆಯವನನ್ನು, ಆ ಗಾಂಜಾ ಸೊಪ್ಪಿನ ಹೊಗೆಯವನನ್ನು ಕಟ್ಟಿಕೊಂಡು ತನ್ನ ಬಾಗಿಲಿಗೆ ಬರಬೇಡ, ಅವನ ಸುದ್ದಿಯನ್ನೂ ತನ್ನ ಮುಂದೆ ಎತ್ತಬೇಡ ಎಂದ. ಪ್ರಫುಲ್ಲಾ ಎತ್ತಲಿಲ್ಲ. ಒಬ್ಬಳೇ ವರ್ಷಕ್ಕೊಮ್ಮೆ ಹೋಗಿ ಅಣ್ಣ ಅತ್ತಿಗೆಯ ಕೈಯಲ್ಲಿ ಉಂಡು ಬರುವಳು. ಆ ಮೇಜಿನಲ್ಲಿ ಕುಳಿತವರಿಗೆ ಅವಳಿಗೊಬ್ಬ ಗಂಡನಿದ್ದಾನೆಂಬುದೇ ಗೊತ್ತಿಲ್ಲದ ಹಾಗೆ ಮಾತು ನಡೆಯುತ್ತಿತ್ತು. ಮನೆಗೆ ಬಂದರೆ ಆಸಾಫ್, ನಿನ್ನಣ್ಣ ಊಟಕ್ಕೆ ಎಷ್ಟು ಉಪ್ಪು ಹಾಕಿಸಿದ್ದ ಎಂದು ಕೇಳುವನು. ಉಪ್ಪಿಲ್ಲದೆ ಉಣ್ಣುವುದು ಅವನ ಇನ್ನೊಂದು ನೇಮ. ಲೋಕದ ಸಿಡುಕರೆಲ್ಲ ಉಪ್ಪು ತಿಂದೇ ಕೆಟ್ಟವರು ಎಂಬುದು ಅವನ ತಮಾಷೆ.

ಈಗ ಅವನ ಕಣ್ಣು ಮುಚ್ಚಿ, ಪ್ರಫುಲ್ಲಾ ಮೊದಲು ಫೋನು ಮಾಡಿದ್ದು ಈನಸ್ ಎಂಬ ಹಿರಿಯನಿಗೆ. ಓಕ್ಲಂಡಿನಲ್ಲಿ ಡೋಲು ಹಿಡಿದು ಕೂಡುವ ಅವರ ಬಳಗಕ್ಕೆ ಅವನೇ ಯಜಮಾನ, ಆಸಾಫನಿಗೆ ಅಣ್ಣನಿಗಿಂತ ಹೆಚ್ಚು. ಅವನು, ಸ್ತೋತ್ರ ಹಾಡಲು ಎಲ್ಲರೂ ಬರುತ್ತೇವೆ, ಆದರೆ ರಸ್ತೆಯ ಆಚೆ ಬದಿಗೆ ನಿಲ್ಲುತ್ತೇವೆ ಎಂದ. ಅವಳಿಗೆ ಬಿಡಿಸಿ ಹೇಳಬೇಕಾಗಿರಲಿಲ್ಲ. ಬಳಗದ ಎಲ್ಲರದ್ದೂ ಅದೇ ವ್ರತ. ಹೆಣದ ಹತ್ತಿರ ಹೋಗಬಾರದು.

ಹಾಗಾದರೆ ಎತ್ತುವವರು ಯಾರು, ಸಹಿ ಹಾಕುವುದು ಎಲ್ಲಿ, ಯಾವ ಕಚೇರಿಗೆ ಹೋಗಬೇಕು? ಆಸ್ಪತ್ರೆಯಲ್ಲಿ ಎಷ್ಟೋ ಹೆಣಗಳನ್ನು ಬಟ್ಟೆ ಮುಚ್ಚಿ ಕಳಿಸಿದವಳಿಗೆ ಅವು ಆಮೇಲೆ ಎಲ್ಲಿಗೆ ಹೋಗುತ್ತವೆ ಎಂಬುದು ತಿಳಿದಿರಲಿಲ್ಲ. ಮಧ್ಯಾಹ್ನದವರೆಗೆ ಒಬ್ಬಳೇ ಕುಳಿತಿದ್ದು, ಕೊನೆಗೆ ಪ್ಲೆಸೆಂಟನ್ನಿಗೆ ಫೋನು ಮಾಡಿದಳು.

ಜಯರಾಜ್ ಆಫೀಸು ಬಿಟ್ಟು ನೇರ ಬಂದ. ಹಿಂದೆಯೇ ಅತ್ತಿಗೆ ರತ್ನಾವತಿ. ತಂಗಿಯ ಮನೆಯ ಹೊಸ್ತಿಲನ್ನು ಅವರು ತುಳಿದದ್ದು ಅದೇ ಮೊದಲು. ಜಯರಾಜ್ ಮಂಚದ ಕಾಲಡಿಯಲ್ಲಿ ನಿಂತು, ಅಷ್ಟು ಉದ್ದದ ಮನುಷ್ಯ ಇಷ್ಟೇ ಆಗಿಹೋದದ್ದನ್ನು ನೋಡಿದ. ಗೋಡೆಯ ಮೇಲಿನ ಸಿಂಹದ ಚಿತ್ರ, ಚಕ್ರವರ್ತಿಯ ಪಟ, ಪಟದ ಕೆಳಗೆ ಅವರಪ್ಪನ ಸಣ್ಣ ಫೋಟೋ. ಅಪ್ಪನ ಫೋಟೋದ ಮುಂದೆಯೂ ದೀಪವಿತ್ತು. ಅದನ್ನು ಕಂಡವನೇ ಮುಖ ಮುಚ್ಚಿಕೊಂಡು ಅತ್ತುಬಿಟ್ಟ.

"ತಪ್ಪಾಯ್ತು ಪ್ರಫುಲ್ಲ. ಭಾವ ಇರುವಾಗ ಒಂದ್ಸಲ ಆದ್ರೂ ಬರ್ಬೇಕಿತ್ತು ನಾನು."

ಭಾವ. ಒಂಬತ್ತು ವರ್ಷ ಆ ಒಂದು ಮಾತಿಗೆ ಅವಳು ಕಿವಿ ತೆರೆದುಕೊಂಡು ಕೂತಿದ್ದಳು. ಬಂದದ್ದು ಈಗ. ಅಣ್ಣನ ತೋಳಿಗೆ ಹಣೆಯಾನಿಸಿ, "ನನಗೆಂತದೂ ಗೊತ್ತಾಗುದಿಲ್ಲ ಅಣ್ಣ, ಎಲ್ಲ ನೀನೇ ನೋಡಿಕೋ" ಎಂದಳು.

ಅವನು ನೋಡಿಕೊಂಡ. ಫೋನಿನ ಮೇಲೆ ಫೋನು ಮಾಡಿದ. ಶವಸಂಸ್ಕಾರದ ಮನೆಯವರು ಸಂಜೆಯೊಳಗೆ ಬಂದು ಆಸಾಫನನ್ನು ಕರೆದೊಯ್ದರು. ದಹನವೇ ಇರಲಿ, ನಮ್ಮ ಕ್ರಮದಲ್ಲೇ ಆಗಲಿ, ಹದಿಮೂರನೆಯ ದಿನ ಉತ್ತರಕ್ರಿಯೆಯ ಬೊಜ್ಜದ ಊಟ ನಮ್ಮ ಮನೆಯಲ್ಲಿ, ಎಲ್ಲರನ್ನೂ ಕರೆಯುತ್ತೇನೆ, ಯಾರು ಬರುವುದಿಲ್ಲ ನೋಡುತ್ತೇನೆ ಎಂದ. ಪ್ರಫುಲ್ಲಾ ತಲೆಯಾಡಿಸಿದಳು. ಮರುದಿನ ಬೆಳಿಗ್ಗೆ, ನೀನು ನಿಧಾನಕ್ಕೆ ಮಿಂದು ಅತ್ತಿಗೆಯ ಜೊತೆ ಬಾ, ಸ್ನಾನ ಉಡುಪು ಎಲ್ಲ ನಾನು ಮೊದಲೇ ಹೋಗಿ ಮಾಡಿಸುತ್ತೇನೆ ಎಂದಾಗಲೂ ತಲೆಯಾಡಿಸಿದಳು.

ಆ ಬೆಳಿಗ್ಗೆ ರತ್ನಾವತಿ ಗಂಜಿ ಮಾಡಲು ಹೋಗಿ ಅಡುಗೆಮನೆಯ ಡಬ್ಬಿಗಳನ್ನೆಲ್ಲ ತೆರೆದು ನೋಡಿದಳು. "ಉಪ್ಪೇ ಇಲ್ವಲ್ಲ ಮಾರಾಯ್ತಿ. ಎಷ್ಟು ವರ್ಷದಿಂದ ಹೀಗೆ?" ಎಂದು ಕೇಳಿದಳು. ಸಿಂಕಿನ ಕೆಳಗೆ ಸೋಪಿನ ಹಿಂದೆ ಅಡಗಿಸಿದ ಮಿಡಿ ಉಪ್ಪಿನಕಾಯಿಯ ಭರಣಿಯೊಂದಿದೆ, ಆಸಾಫನಿಗೆ ಅದು ಗೊತ್ತಿದ್ದೂ ಗೊತ್ತಿಲ್ಲದ ಹಾಗೆ ಇರುತ್ತಿದ್ದ ಎಂದು ಪ್ರಫುಲ್ಲಾ ಹೇಳಿದಳು. ಇಬ್ಬರೂ ಸ್ವಲ್ಪ ನಕ್ಕರು. ಅತ್ತಿಗೆಯ ಜೊತೆ ಅವನ ಮಾತೆತ್ತಿ ನಗುವ ಹಾಗಾಯಿತಲ್ಲ ಎಂದು ಪ್ರಫುಲ್ಲಾಳಿಗೆ ಒಂದು ಗಳಿಗೆ ಎದೆ ಹಗುರವೂ ಆಯಿತು. ಅವನ ಟೊಪ್ಪಿಯನ್ನೂ ಬೈಬಲ್ಲನ್ನೂ ಚೀಲದಲ್ಲಿಟ್ಟುಕೊಂಡು ಹೊರಟಳು.

ಶವಸಂಸ್ಕಾರದ ಮನೆ ಓಕ್ಲಂಡಿನ ಗುಡ್ಡದ ಬುಡದಲ್ಲಿತ್ತು. ಒಳಕೋಣೆಯ ಬಾಗಿಲಲ್ಲಿ ಜಯರಾಜ್ ತೋಳು ಮಡಚಿಕೊಂಡು ನಿಂತಿದ್ದ, ಅಂಗಿಯೆಲ್ಲ ಒದ್ದೆ. ತಂಗಿಯ ಬೆನ್ನಿಗೆ ಕೈಯಿಟ್ಟು ಒಳಗೆ ನಡೆಸಿಕೊಂಡು ಹೋದ.

ಪೆಟ್ಟಿಗೆಯಲ್ಲಿ ಯಾರೋ ಮಲಗಿದ್ದರು. ಜರಿಯಂಚಿನ ಪಂಚೆ, ಹೆಗಲಿಗೆ ಶಲ್ಯ, ಹಣೆಗೆ ಗಂಧ. ಗಲ್ಲ ನುಣ್ಣಗೆ, ತಲೆ ನುಣ್ಣಗೆ. ಕಿವಿಗಳು ಇಷ್ಟು ದೊಡ್ಡವು ಎಂದು ಅವಳಿಗೆ ಗೊತ್ತೇ ಇರಲಿಲ್ಲ. ಬೋಳುತಲೆಯ ಬಲಭಾಗದಲ್ಲಿ ಹಳೆಯ ಗಾಯದ ಬಿಳಿ ಗೆರೆಯೊಂದು ಕಂಡಿತು. ಅದು ಆ ಠಾಣೆಯ ಅಂಗಳದ ಕತ್ತರಿಯದ್ದು. ಅವನು ಹೇಳಿದ್ದ, ಅವಳು ನೋಡಿರಲಿಲ್ಲ.

"ನೋಡು," ಎಂದ ಜಯರಾಜ್ ಮೆಲ್ಲಗೆ. "ಈಗ ನಮ್ಮವನ ಹಾಗೇ ಕಾಣ್ತಾನೆ."

ಅವಳು ಆ ಗೆರೆಯ ಮೇಲೆ ಬೆರಳಿಟ್ಟಳು. "ಯಾರು ತೆಗೆದದ್ದು?"

"ಬೇರೆ ಯಾರು ತೆಗೀತಾರೆ? ಊರಲ್ಲಾದ್ರೆ ಕ್ಷೌರದವ ಬರ್ತಿದ್ದ. ಇಲ್ಲಿಯವರು ಆಗುದಿಲ್ಲ ಅಂದ್ರು, ಅಭ್ಯಾಸ ಇಲ್ಲ ಅಂದ್ರು. ನಾನೇ ಕೂತು ತೆಗೆದೆ. ಅಪ್ಪ ಹೋದಾಗ ಹೀಗೇ ಕ್ಷೌರ ಮಾಡಿಸಿ ಮೀಯಿಸಿದ್ದಲ್ವಾ. ನಮ್ಮ ಮನೆಯವನನ್ನ ಹಾಗೆ ಕೊಳೆಗೂದಲಲ್ಲಿ ಕಳಿಸ್ಲಿಕ್ಕುಂಟಾ?"

ಅವನ ಕೈ ನೋಡಿದಳು. ಬಲ ಹೆಬ್ಬೆರಳಿನ ಬುಡದಲ್ಲಿ ಕತ್ತರಿಯ ಹಿಡಿ ಒತ್ತಿ ಎದ್ದ ನೀರುಗುಳ್ಳೆ ಒಡೆದಿತ್ತು. ಊರಿನಲ್ಲಿ ಆ ಕತ್ತರಿಯನ್ನು ಮುಟ್ಟಿದವನ ನೆರಳು ಬಿದ್ದರೂ ಮೀಯುತ್ತಿದ್ದ ಮನೆತನದ ಹಿರಿಮಗ, ಬೆಳಗಿನಿಂದ ಮಂಡಿಯೂರಿ ಆ ಕೆಲಸ ಮಾಡಿದ್ದ. ಬಾಗಿಲು ತೆರೆಯದ್ದಕ್ಕೆ ಪ್ರಾಯಶ್ಚಿತ್ತವೆಂದು ಮಾಡಿದ್ದ, ಪ್ರೀತಿಯಿಂದ ಮಾಡಿದ್ದ. ಹಗೆಯಿಂದ ಮಾಡಿದ್ದರೆ ಆ ಕೈಯನ್ನು ಕಚ್ಚಬಹುದಿತ್ತು.

ವ್ರತದ ಮಾತನ್ನು ಅವಳು ಅಣ್ಣನಿಗೆ ಎಂದೂ ಹೇಳಿರಲಿಲ್ಲ. ಒಂಬತ್ತು ವರ್ಷ ಆಸಾಫನ ಹೆಸರೆತ್ತಲೇ ಜಾಗವಿರದಿದ್ದ ಮನೆಯಲ್ಲಿ ಅವನ ಕೂದಲ ಕಥೆ ಎಲ್ಲಿ ಹೇಳುವುದು? ನಿನ್ನೆ ಹೇಳಬಹುದಿತ್ತು. ನಿನ್ನೆ ಅವಳು ಭಾವ ಎಂಬ ಒಂದು ಮಾತು ಕೇಳಿ ಕಿವಿ ತುಂಬಿಸಿಕೊಂಡು ಕೂತಿದ್ದಳು. ಈನಸ್ ಬಂದು ಈ ಕೋಣೆಯಲ್ಲಿ ನಿಂತಿದ್ದರೆ ಕತ್ತರಿ ಒಳಗೆ ಬರುತ್ತಿರಲಿಲ್ಲ. ಕತ್ತರಿ ಬೇಡವೆಂದ ಪುಟವೇ ಈನಸನನ್ನು ರಸ್ತೆಯಾಚೆ ನಿಲ್ಲಿಸಿತ್ತು.

"ಕೂದಲೆಲ್ಲಿ?"

"ಎಂತಕ್ಕೆ ಅದು? ಹಿಂದೆ ಹಾಕ್ಲಿಕ್ಕೆ ಹೇಳಿದೆ."

ಪ್ರಫುಲ್ಲಾ ಹಿಂಬಾಗಿಲಿನಿಂದ ಹೊರಟಳು. ಕಸದ ಡಬ್ಬಿಗಳ ಸಾಲಿನಲ್ಲಿ ಮೂರನೆಯದರೊಳಗೆ, ಬಾಡಿದ ಹೂಮಾಲೆಗಳ ಕೆಳಗೆ, ಕರಿ ಪ್ಲಾಸ್ಟಿಕ್ ಚೀಲವಿತ್ತು. ಎತ್ತಿದರೆ ಮಲಗಿದ ಮಗುವಿನಷ್ಟು ಭಾರ. ಅದನ್ನು ಎದೆಗವಚಿಕೊಂಡು ಬಂದು, ಪೆಟ್ಟಿಗೆಯ ಪಕ್ಕ ಕುಳಿತು, ಒಂದೊಂದೇ ಜಟೆಯನ್ನು ತೆಗೆದು, ಹೂವಿನ ಎಸಳು ಕೊಡವಿ, ಅವನ ತಲೆಯ ಸುತ್ತ ಇಟ್ಟಳು. ಹೆಗಲ ಮೇಲೆ ಇಟ್ಟಳು. ಎಲ್ಲಿಟ್ಟರೂ ಅವು ಅಲ್ಲಿ ನಿಲ್ಲಲಿಲ್ಲ, ಜಾರಿ ಪಕ್ಕಕ್ಕೆ ಬಿದ್ದವು. ಟೊಪ್ಪಿ ತೊಡಿಸಿದಳು. ತುಂಬಲು ಏನೂ ಇಲ್ಲದೆ ಟೊಪ್ಪಿ ಹುಬ್ಬಿನವರೆಗೆ ಇಳಿಯಿತು.

ಜಯರಾಜ್ ಗಾಬರಿಯಾಗಿ ಹತ್ತಿರ ಬಂದ. "ಮೀಯಿಸಿ ಆಗಿದೆ ಪ್ರಫುಲ್ಲ. ತೆಗೆದ ಕೂದಲನ್ನ ತಿರುಗಿ ಒಳಗೆ ಹಾಕ್ಬಾರ್ದು, ಮೈಲಿಗೆ ಅಲ್ವಾ."

"ಮುಚ್ಚಳ ಹಾಕ್ಲಿಕ್ಕೆ ಹೇಳು," ಎಂದಳು. "ಇನ್ನು ಯಾರೂ ನೋಡುದು ಬೇಡ."

ದುಃಖದಲ್ಲಿ ಹೀಗೆಲ್ಲ ಆಗುತ್ತದೆ, ಬಿಡಿ ಎಂದು ರತ್ನಾವತಿ ಗಂಡನ ತೋಳು ಹಿಡಿದು ಆಚೆ ಕರೆದಳು. ಕೆಲಸದವನು ಬಂದು ಮುಚ್ಚಳ ಹಾಕಿದ.

ಅಷ್ಟರಲ್ಲಿ ಹೊರಗೆ ಡೋಲಿನ ಸದ್ದಾಯಿತು. ಪ್ರಫುಲ್ಲಾ ಮೆಟ್ಟಿಲಿಗೆ ಬಂದಳು. ರಸ್ತೆಯಾಚೆ ನೀಲಗಿರಿ ಮರಗಳ ಕೆಳಗೆ ಬಳಗವೆಲ್ಲ ನಿಂತಿತ್ತು. ಬಿಳಿ ಬಟ್ಟೆ, ತಲೆಗೆ ಕೆಂಪು ಹಳದಿ ಹಸಿರಿನ ಟೊಪ್ಪಿ, ಕೊರಳಿಗೆ ಡೋಲು. ಯಾರೂ ರಸ್ತೆ ದಾಟಲಿಲ್ಲ. ಅವಳೇ ದಾಟಿ ಹೋದಳು. ಅವಳು ಹತ್ತಿರ ಬರುತ್ತಿದ್ದಂತೆ ಒಂದಿಬ್ಬರು ಅರಿವಿಲ್ಲದೆಯೇ ಹೆಜ್ಜೆ ಹಿಂದಿಟ್ಟರು. ಅವಳು ಆ ಕೋಣೆಯಿಂದ ಬಂದವಳು. ಈನಸ್ ಮಾತ್ರ ನಿಂತಲ್ಲೇ ನಿಂತು, ಅವಳ ಮುಖವನ್ನು ಬಹಳ ಹೊತ್ತು ನೋಡಿದ. ಎಪ್ಪತ್ತು ದಾಟಿದ ಮುದುಕ. ಅದೇ ಠಾಣೆಯ ಅಂಗಳದಲ್ಲಿ ಅವನೂ ಆ ದಿನ ಮಂಡಿಯೂರಿದ್ದವನು.

"ಅವನ ಕಿರೀಟ ಹಾಗೇ ಇದೆಯೇನಮ್ಮ?" ಎಂದು ಕೇಳಿದ.

ಇಲ್ಲ ಎಂದರೆ ಡೋಲುಗಳು ನಿಲ್ಲುತ್ತವೆ. ಆ ಮುದುಕ ಹಳೆಯ ಅಂಗಳಕ್ಕೆ ಮರಳಿ ಹೋಗಿ, ಮತ್ತೆ ಅಲ್ಲಿಂದ ಬರಲಾರ. ಹೌದು ಎಂದರೆ ಇವರಲ್ಲೊಬ್ಬರೂ ಒಳಗೆ ಬಂದು ನೋಡುವುದಿಲ್ಲ. ವ್ರತ ಬಿಡುವುದಿಲ್ಲ. ಗೊತ್ತಿರುವವಳು ತಾನೊಬ್ಬಳೇ, ಇನ್ನು ಮುಂದೆಯೂ ಒಬ್ಬಳೇ.

"ಹಾಗೇ ಇದೆ," ಎಂದಳು ಪ್ರಫುಲ್ಲಾ.

ಈನಸ್ ಕಣ್ಣು ಮುಚ್ಚಿ ಸ್ತುತಿಯ ಮಾತೊಂದನ್ನು ಹೇಳಿದ. ತನ್ನ ಟೊಪ್ಪಿ ತೆಗೆದು ಜಟೆಯನ್ನು ಬೆನ್ನಮೇಲೆ ಇಳಿಬಿಟ್ಟ. ಉಳಿದವರೂ ಬಿಟ್ಟರು. ದೊಡ್ಡ ಡೋಲು ಎದೆಬಡಿತದ ಹಾಗೆ ಎರಡೆರಡಾಗಿ ಬಡಿಯಿತು, ಹಾಡು ಎದ್ದಿತು. ಆಸಾಫನ ಹೆಸರನ್ನು ಸೇರಿಸಿ ಸೇರಿಸಿ ಹಾಡಿದರು. ಬ್ಯಾಬಿಲೋನಿನ ಕತ್ತರಿಗೆ ಸಿಗದೆ ಹೋದ ಸಿಂಹವೆಂದರು. ಕೇಸರವನ್ನು ಕೆದರಿಕೊಂಡೇ ಅರಸನ ಮುಂದೆ ನಿಂತವನೆಂದರು. ಒಂದೊಂದು ಸಾಲು ಮುಗಿದಾಗಲೂ ಎಲ್ಲರೂ ಅವಳ ಕಡೆ ನೋಡುವರು, ಅವಳು ತಲೆ ಬಾಗಿಸುವಳು. ಪದ್ಯ ಕೇಳುತ್ತ ಬೆಳೆದವಳು. ನಡುವೆ ಏಳುವಂತಿಲ್ಲ, ಎದ್ದು ಹೋಗುವಂತಿಲ್ಲ. ಪೂರ್ತಿ ಕೇಳಿದಳು.

ಮೆಟ್ಟಿಲ ಮೇಲಿನಿಂದ ಜಯರಾಜನೂ ಕೈಮುಗಿದುಕೊಂಡು ಕೇಳಿದ. ಅವಳು ಮರಳಿ ಬಂದಾಗ, ಒಳ್ಳೆಯ ಹಾಡುಗಾರರು, ಒಳಗೆ ಕರೆಯಬಾರದಿತ್ತೇ ಎಂದ. ಆಮೇಲೆ ಸ್ವರ ತಗ್ಗಿಸಿ, ಎಂಥ ಜನವೋ, ಕೊನೆಗೊಮ್ಮೆ ಮುಖ ನೋಡಲೂ ಬಾರದವರು, ಕಡೆಗೆ ಆಗುವುದು ನಮ್ಮವರೇ ಎಂದು ಸೇರಿಸಿದ. ದಹನದ ಯಂತ್ರದ ಗುಂಡಿ ಒತ್ತಿದ್ದು ಅವನೇ. ಮಗನಿಲ್ಲದ ಭಾವನಿಗೆ ಮಗನ ಕೆಲಸ ಮಾಡಿದೆನೆಂಬ ಶಾಂತಿ ಅವನ ಮುಖದಲ್ಲಿತ್ತು.

ಮಧ್ಯಾಹ್ನ ಕಾರು ಫ್ರೀವೇ ಏರಿತು. ರತ್ನಾವತಿ ಹಿಂದಿನ ಸೀಟಿನಲ್ಲಿ ನಿದ್ದೆಹೋಗಿದ್ದಳು. ಪ್ರಫುಲ್ಲಾ ಮುಂದೆ, ಅಣ್ಣನ ಪಕ್ಕ. ಗುಡ್ಡಗಳು ಒಣಗಿ ಕೆಂಚಗಾಗಿದ್ದವು, ಅವನ ಜಟೆಯ ತುದಿಯ ಬಣ್ಣ. ಬಹಳ ದೂರ ಹೋದ ಮೇಲೆ ಜಯರಾಜ್ ಕೇಳಿದ.

"ಏನಾದ್ರೂ ಕಮ್ಮಿ ಆಯ್ತಾ ಪ್ರಫುಲ್ಲ? ಹೇಳು. ನನಗೆ ತಿಳಿದಷ್ಟು ಮಾಡಿದ್ದೇನೆ."

ಸ್ಟಿಯರಿಂಗಿನ ಮೇಲೆ ಅವನ ಹೆಬ್ಬೆರಳಿಗೆ ಈಗ ಬಿಳಿ ಪಟ್ಟಿ ಸುತ್ತಿತ್ತು. ಅತ್ತಿಗೆ ಸುತ್ತಿದ್ದಿರಬೇಕು.

"ಇಲ್ಲ ಅಣ್ಣ. ಏನೂ ಕಮ್ಮಿ ಆಗ್ಲಿಲ್ಲ."

ಅವನು ನಿಟ್ಟುಸಿರು ಬಿಟ್ಟು, ಹಗುರಾಗಿ, ರೇಡಿಯೋ ಹಚ್ಚಲು ಕೈ ಚಾಚಿ ಮತ್ತೆ ಬೇಡವೆಂದು ಹಿಂದೆ ತೆಗೆದ. ಈ ಹೊತ್ತಿನವರೆಗೆ ಇವತ್ತಿನ ಅಧ್ಯಾಯ ಆಗಿಲ್ಲವೆಂಬುದು ಅವಳಿಗೆ ಆಗ ನೆನಪಾಯಿತು. ನಿನ್ನೆ ಅವನ ತುಟಿ ನಿಂತ ಕೀರ್ತನೆ ಅವಳಿಗೆ ಬಾಯಿಗೆ ಬರುತ್ತಿತ್ತು. ಕಿಟಕಿಯ ಕಡೆ ತಿರುಗಿ, ಸ್ವರವೇಳದ ಹಾಗೆ, ಮೊದಲ ಸಾಲು ಹಿಡಿದಳು. ಕೊನೆಯ ಅಕ್ಷರವನ್ನು ಎಳೆದು, ತೂಗಿ, ಇಳಿಸಿದಳು. ಎರಡನೆಯ ಸಾಲನ್ನೂ ಹಾಗೇ ಇಳಿಸಿದಳು. ಇದೊಂದು ಉಳಿದಿದೆ ಎಂದುಕೊಂಡಳು. ಕತ್ತರಿಗೆ ಸಿ‍ಗದ್ದು.

ಜಯರಾಜ್ ತಲೆ ತಿರುಗಿಸಿ ಕೇಳಿಸಿಕೊಂಡ. ಅವನ ಕಣ್ಣು ತುಂಬಿ ಬಂದಿತ್ತು.

"ಅಪ್ಪನದ್ದಲ್ವಾ ಅದು? ಚಾವಡಿಯಲ್ಲಿ ಓದುವಾಗಿನ ರಾಗ. ನೀನು ಒಂದೂ ಬಿಟ್ಟಿಲ್ಲ ಮಾರಾಯ್ತಿ. ದೊಡ್ಡಕ್ಕೆ ಹೇಳು, ಬೊಜ್ಜದ ದಿನ ಎಲ್ಲರ ಎದುರು ಇದನ್ನೇ ಓದಬೇಕು ನೀನು. ನಮ್ಮದೇ ಇರ್ಲಿ."

ಮೂರನೆಯ ಸಾಲು ಅವಳ ನಾಲಿಗೆಯ ತುದಿಗೆ ಬಂದಿತ್ತು. ಹಲ್ಲು ಕಚ್ಚಿದಳು.

"ಯಾಕೆ ನಿಲ್ಲಿಸಿದ್ದು?" ಎಂದ ಜಯರಾಜ್. "ಮುಂದಿನದ್ದು ಮರೆತುಹೋಯ್ತಾ?"

"ಹೌದು," ಎಂದಳು. "ಮರೆತುಹೋಯ್ತು."